ಸಾವಿನ ಮನೆಯ ಗಂಜಿ

ಅಮ್ಮನ ತಲೆಯ ಬಳಿಯ ದೀಪಕ್ಕೆ ಎಣ್ಣೆ ಹೊಯ್ಯುತ್ತಿದ್ದ ಅಶ್ಮಿತಾಳ ಶಾಲನ್ನು ಮಗಳು ಅನುಷ್ಕಾ ಎಳೆದಳು.

"ಅಮ್ಮಾ, ಹಸಿವಾಗ್ತದೆ."

"ಶ್!" ಎಂದು ಸೋದರಮಾವ ಪೂವಪ್ಪ ಗದರಿಸಿದರು. "ಅಜ್ಜಿ ಹೀಗೆ ಮಲಗಿರುವಾಗ ಊಟದ ಮಾತು ಎಂತದು? ಹೆಣ ಎತ್ತುವವರೆಗೆ ಒಲೆ ಹೊತ್ತಿಸ್ಲಿಕ್ಕಿಲ್ಲ."

ಎತ್ತುವುದಕ್ಕೆ ಅಶ್ಮಿತಾಳ ಅಣ್ಣ ಹಿತೇಶ ಬರಬೇಕು, ಅವನ ದುಬೈ ವಿಮಾನವೋ ತಡ. ಕುಲಶೇಖರದ ಆ ಓಣಿಯಲ್ಲಿ ಸಾವಿನ ಮನೆಗೆ ಗಂಜಿ ಬೇರೆ ಮನೆಯಿಂದ ಬರುವುದು ರೂಢಿ. ಮಧ್ಯಾಹ್ನ ದಾಟಿದರೂ ಬಂದಿರಲಿಲ್ಲ.

"ಗಂಜಿ ಯಾರು ತರುದು?" ಪಕ್ಕದ ಮನೆಯ ಬೆನಿಟಾ ಕೇಳಿದಳು.

"ಯಾವಾಗ್ಲೂ ನಮ್ಮ ಅಕ್ಕು ಅಲ್ವಾ..." ಎಂದ ಪೂವಪ್ಪ, ದೀಪದ ಬಳಿ ಮಲಗಿದ್ದ ಅಕ್ಕನ ಕಡೆ ನೋಡಿ ಅಷ್ಟಕ್ಕೇ ಬಾಯಿ ಮುಚ್ಚಿದರು.

*

ಅಕ್ಕು ಏಳು ವರ್ಷದವಳಿದ್ದಾಗ ತಾಯಿ ಸತ್ತಿದ್ದಳು. ಮನೆ ತುಂಬ ಜನ, ಅಳು. ಮಕ್ಕಳ ಹೊಟ್ಟೆಯ ನೆನಪು ಮಾತ್ರ ಯಾರಿಗೂ ಇಲ್ಲ. ಕೈಗೂಸು ಪೂವಪ್ಪನನ್ನು ಎತ್ತಿಕೊಂಡು "ಹಸಿವು" ಎಂದವಳ ಕೆನ್ನೆಗೆ ಚಿಕ್ಕಮ್ಮ ಬಾರಿಸಿದ್ದಳು. "ಅಮ್ಮನಿಗೆ ಅತ್ತದ್ದಾ, ಹಸಿವಿಗೆ ಅತ್ತದ್ದಾ, ಈಗ್ಲೂ ಗೊತ್ತಿಲ್ಲ" ಎಂದು ಅಕ್ಕು ನಗುತ್ತಲೇ ಹೇಳುತ್ತಿದ್ದಳು.

ಮುಂದೆ ಓಣಿಯಲ್ಲಿ ಯಾರು ಕಣ್ಣು ಮುಚ್ಚಿದರೂ, ಮಾತು ಬಿಟ್ಟವರ ಮನೆಯಾದರೂ ಸರಿ, ಕುಚ್ಚಲಕ್ಕಿ ಗಂಜಿಯ ಪಾತ್ರೆ ಹೊತ್ತು ಹೋಗಿ ಮೊದಲು ಮಕ್ಕಳನ್ನು ಕೂರಿಸುತ್ತಿದ್ದಳು. ಆ ಕೆಲಸ ಅವಳದೇ ಎಂದು ಓಣಿ ಎಷ್ಟು ನಂಬಿತ್ತೆಂದರೆ, ಇವತ್ತೂ ಅವಳೇ ತಂದಾಳು ಎಂಬಂತೆ ಎಲ್ಲರೂ ಕೂತಿದ್ದರು.

*

ಅನುಷ್ಕಾ ಮತ್ತೆ ಕೇಳಲಿಲ್ಲ. ಗೋಡೆಗೆ ಒರಗಿ ತುಟಿ ಕಚ್ಚಿಕೊಂಡು ಕೂತಿದ್ದಳು. ಅಜ್ಜಿಯನ್ನು ನೆನೆದಾಗಲೆಲ್ಲ ಇವಳಿಗೆ ಈ ಗದರಿಕೆಯೇ ನೆನಪಾದರೆ? ಅಶ್ಮಿತಾ ಎದ್ದಳು.

"ಬೆನಿಟಾ, ನಿಮ್ಮಲ್ಲಿ ಅಕ್ಕಿ ಉಂಟಲ್ಲ? ನಡೀರಿ."

"ನೀನು ಹೋಗುದಾ?" ಮಾವ ಗಾಬರಿಯಾದರು. "ಮಗಳೇ ಹೆಣ ಬಿಟ್ಟು ಅಡುಗೆಗೆ ಹೋದ್ರೆ ಜನ ಎಂತ ಹೇಳ್ತಾರೆ ಮಾರಾಯ್ತಿ?"

"ಹೇಳ್ಲಿ. ಅವತ್ತು ಅಮ್ಮ ಪೆಟ್ಟು ತಿಂದದ್ದು ನಿಮ್ಮನ್ನು ಎತ್ತಿಕೊಂಡೇ ಅಲ್ವಾ, ಮಾವ? ಅವಳಿಗೆ ಈಗ ಏಳ್ಲಿಕ್ಕೆ ಆಗ್ತಿದ್ರೆ ಮೊದಲು ನಿಮಗೇ ಬೈತಿದ್ಳು."

ಪೂವಪ್ಪ ಅನುಷ್ಕಾಳ ಕಡೆ ತಿರುಗಿದರು.

ಬೆನಿಟಾಳ ಅಡುಗೆಮನೆಯಲ್ಲಿ ಅಕ್ಕಿ ಬೇಯುವಾಗ ಅಶ್ಮಿತಾ ಬೆಳಗಿನಿಂದ ತಡೆದದ್ದನ್ನೆಲ್ಲ ಅತ್ತು ಮುಗಿಸಿದಳು. ಪಾತ್ರೆ ಹಿಡಿದು ಬಂದರೆ ಅಂಗಳದಲ್ಲಿ ಚಾಪೆ ಹಾಸಿತ್ತು. ಮಕ್ಕಳು ಸಾಲಾಗಿ ಕೂತಿದ್ದರು. ಅನುಷ್ಕಾಳ ಎದುರು ಕುಕ್ಕರಗಾಲಿನಲ್ಲಿ ಕೂತ ಪೂವಪ್ಪ, ಬಟ್ಟಲು ತುಂಬಿದ್ದೇ ತಡ, ಹೆಗಲ ಮೇಲಿನ ಬೈರಾಸು ತೆಗೆದು ಬಿಸಿ ಗಂಜಿಗೆ ಗಾಳಿ ಹಾಕತೊಡಗಿದರು.