ಎಂಜಲಿನ ಎಳೆ

ಪುಸ್ತಕದ ಕಟ್ಟಿನಿಂದ ಬಿಚ್ಚಿದ ರಿಬ್ಬನ್ನಿನ ಅಂಚಿನಿಂದ ಒಂದು ಎಳೆ ಬಿಚ್ಚಿಕೊಂಡು ಫ್ಯಾನಿನ ಗಾಳಿಗೆ ಏಳುತ್ತಿದೆ, ಬೀಳುತ್ತಿದೆ, ಇನ್ನೇನು ನನ್ನ ತುಟಿಗೇ ಬಂತು — ಬಿಡುಗಡೆಯಾಯಿತು, ಚಪ್ಪಾಳೆಯಾಯಿತು, ನಾನು ಬರೆದ ಎರಡು ಪುಸ್ತಕ ಗೋಕಾಕದ ಈ ಮೇಜಿನ ಮೇಲೆ ಜೋಡಿಯಾಗಿ ಮಲಗಿವೆ, ಒಂದರಲ್ಲಿ ಮುಂಬೈ ಗಿರಣಿಯ ಕೂಲಿಕಾರರು, ಇನ್ನೊಂದರಲ್ಲಿ ಬಿರುಗಾಳಿ ಬಿಟ್ಟರೆ ಮಾತ್ರ ದೋಣಿ ಬರುವ ಚಳಿಸಮುದ್ರದ ದ್ವೀಪದವರು, ಯಾವುದನ್ನು ಓದಲಿ, ಎದೆ ಮಗ್ಗದಂತೆ ಬಡಿಯುತ್ತಿದೆ, ಭಯಕ್ಕಲ್ಲ, ಹಬ್ಬ ಇದು, ಮುಂದಿನ ಸಾಲಿನಲ್ಲಿ ಅವ್ವ ಕಾಡವ್ವ, ನೀಲಿ ಸೀರೆ, ದಡ್ಡಿ ಊರಿಂದ ಮೊದಲ ಬಸ್ಸಿಗೇ ಬಂದಳು, ಬಂದವಳೇ ನನಗೆ ಅಂದಳು, ಆಮ್ರಾ, ನಮ್ಮಪ್ಪನ ಹೆಸರ ಮೈಕಿನ್ಯಾಗ ಕೇಳಬೇಕ ನೋಡ, ಅಷ್ಟಾದ್ರ ಸಾಕ ನನಗ — ಇತ್ತ ಬಾಜೂ ಕುರ್ಚಿಯಿಂದ ಓದುಬಳಗದ ಅಧ್ಯಕ್ಷ ಶಿದ್ಲಿಂಗಪ್ಪನ ಪಿಸುಮಾತು, ಎಲೆ-ಅಡಿಕೆಯ ವಾಸನೆ, ಅಕ್ಕಾರ, ಗಿರಣಿದ ಆ ಪುಟ ಬಿಡ್ರಿ, ನಮ್ಮ ಮುತ್ತಪ್ಪಜ್ಜನ ಹೆಸರ ಐತ್ರಿ ಅದರಾಗ, ಮನಿ ಮಂದಿ ಎಲ್ಲಾ ಕುಂತಾರ, ದ್ವೀಪದ್ದ ಓದ್ರಿ, ಭಾಳ ಚಂದ ಬರದೀರಿ.

ಚಂದ! ಮುತ್ತಪ್ಪ ನೇಯ್ಗೆ ಖಾತೆಯ ಮುಕಾದಮ, ಕೂಲಿಯವರ ಮೇಸ್ತ್ರಿ, ಅವ್ವನ ಅಪ್ಪ ಯಲ್ಲಾರಿ ಅದೇ ಗಿರಣಿಯ ನೂಲುವ ಖಾತೆಯವನು, ನಮ್ಮ ಕುಲದವರಿಗೆ ಮಗ್ಗ ಮುಟ್ಟಲು ಬಿಡುತ್ತಿರಲಿಲ್ಲ, ಪಗಾರ ಹೆಚ್ಚೆಂದು ಮಗ್ಗ ಕೇಳಿದ್ದಕ್ಕೆ ಮುತ್ತಪ್ಪ ಅಂದನಂತೆ, ಏ ಯಲ್ಲಾರಿ, ಲಾಳಿ ಕಣ್ಣಿಗೆ ಬಾಯಿ ಹಚ್ಚಿ ಎಳಿ ಹೀರಿ ಹೊರಗ ತಗೀಬೇಕಲೇ, ಒಂದ ಲಾಳಿ ಎಲ್ಲಾರ ಬಾಯಿಗೂ ಹೋಗತೈತಿ, ನಿನ್ನ ಎಂಜಲಾ ನಾವು ಬಾಯಾಗ ಇಟ್ಕೋಬೇಕೇನ — ಖಾತೆಯೆಲ್ಲ ನಕ್ಕಿತಂತೆ, ಮುಷ್ಕರದಲ್ಲಿ ಒಂದೇ ಬಾವುಟ ಹಿಡಿದವರೇ ನಕ್ಕರಂತೆ, ದುಡಿಯುವವರೆಲ್ಲ ಒಂದು ಎಂಬ ಪುಸ್ತಕಗಳನ್ನು ಓದಿಯೇ ಬೆಳೆದವಳು ನಾನು, ಆ ನಗು ಅವುಗಳಲ್ಲಿ ಎಲ್ಲೂ ಇರಲಿಲ್ಲ, ಅದಕ್ಕೇ ಬರೆದೆ, ಒಡೆದುಹೋದ ಲಾಳಿಯೊಂದನ್ನು ಅಜ್ಜ ಕೂಲಿಕಾರರ ಚಾಳಿನ ಖೋಲಿಗೆ ತಂದು ಬಾಗಿಲಲ್ಲಿ ಕೂತು ತುಟಿ ಹಚ್ಚಿ ಹೀರುತ್ತಾನೆ, ಹೀರುತ್ತಾನೆ, ನೋಡ ಕಾಡವ್ವಾ, ನನ್ನ ಬಾಯಿಗೂ ಎಳಿ ಬರತೈತಿ — ಇದನ್ನು ಹೇಳುವಾಗೆಲ್ಲ ಅವ್ವನ ತುಟಿ ಹೀಗೇ ಮುಂದೆ ಚಾಚುತ್ತದೆ. ದ್ವೀಪದ್ದು ಬೇಕೇ, ಓದುತ್ತೇನೆ ಅಣ್ಣಾ, ಕುಣಿದು ಓದುತ್ತೇನೆ! ಅಲ್ಲಿ ಉಣ್ಣೆ ಮಗ್ಗದ ಮುದುಕಿ, ಊರು ಕೇಳಿದಳು, ಕುಲ ಕೇಳಲಿಲ್ಲ, ತಾನು ಹೀರಿದ ಒದ್ದೆ ಲಾಳಿಯನ್ನೇ ನನ್ನ ಕೈಗಿಟ್ಟು ಬಾಯಿ ತೋರಿಸಿದಳು, ಹೀರಿದೆ, ಉಪ್ಪು, ಉಣ್ಣೆಯ ಜಿಡ್ಡು, ಎಳೆಯ ತುದಿ ನಾಲಿಗೆಗೆ ತಾಗಿತು, ಅಲ್ಲೇ ಅತ್ತೆ, ಯಾಕೆ ಅತ್ತೆನೆಂದು ಮುದುಕಿಗೆ ಹೇಳಬೇಕಾದರೆ ಯಲ್ಲಾರಿಯನ್ನು ಹೇಳಬೇಕು, ಮುತ್ತಪ್ಪನನ್ನೂ ಹೇಳಬೇಕು, ಹೇಳಿದೆ, ಬರೆದೆ, ಅದೇ ಪುಟದಲ್ಲಿ — ಪಾಪ ಶಿದ್ಲಿಂಗಪ್ಪ, ಚಂದ ಅಂದವನು ಪುಟ ಮುಗಿಸಿಯೇ ಇಲ್ಲ!

ಎದ್ದೆ, ಮೈಕು ಕೀರಲಿಟ್ಟಿತು, ಹುಕ್ಕೇರಿ, ಮೂಡಲಗಿಯಿಂದ ಬಂದವರ ಕೆಮ್ಮು ನಿಂತಿತು, ಮುದುಕಿ, ಲಾಳಿ, ಉಪ್ಪು, ನನ್ನ ದನಿ ಓಡುತ್ತಿದೆ, ನಾನೇ ಹಿಂದೆ ಬಿದ್ದಿದ್ದೇನೆ, ನನ್ನ ಅಜ್ಜ ಯಲ್ಲಾರಿ — ಅಂದೆ, ಗೋಡೆಗೆ ಬಡಿದು ಮರಳಿ ಬಂತು ಹೆಸರು, ಅಕ್ಕಾರ, ಸಾಕ್ರಿ, ಶಿದ್ಲಿಂಗಪ್ಪ ಶಾಲಿನ ತುದಿ ಜಗ್ಗುತ್ತಿದ್ದಾನೆ, ಪುಟದ ಮುಂದಿನ ಸಾಲಿನಲ್ಲಿ ಮುತ್ತಪ್ಪನ ಹೆಸರು, ಓದುತ್ತೇನೆ, ಅವ್ವ ಅಳುತ್ತಿಲ್ಲ, ನಗುತ್ತಿಲ್ಲ, ತುಟಿ ಮುಂದೆ ಚಾಚಿದ್ದಾಳೆ, ಹೀರುತ್ತಿದ್ದಾಳೆ, ಬರೀ ಗಾಳಿ, ಚಾಳಿನ ಬಾಗಿಲಲ್ಲಿ ಅಜ್ಜ, ಒಡೆದ ಲಾಳಿ, ತುಟಿಯ ಮೇಲೆ ಒದ್ದೆ ಎಳೆ, ಒದ್ದೆ ಎಳೆ