ಶಾಲೆಯ ಹಿಂದಕ್ಕೆ ತಿರುಗಿದ ಸಾಲು

"ನಾಲ್ಕನೇ ಪುಟ ನೀವೇ ಓದ್ಬೇಕು ಮೇಷ್ಟ್ರೇ, ಬೇರೆ ಯಾರಿಗೂ ಕೊಡಲ್ಲ," ಎನ್ನುತ್ತ ಅಪೋಂಡಿ ಅಂತ್ಯಕ್ರಿಯೆಗೆಂದು ಅಚ್ಚಾದ ಪುಸ್ತಿಕೆಯನ್ನು ಯಾಫೆತ್ ಮೇಷ್ಟ್ರ ಕೈಗೆ ತುರುಕಿದಳು. ಹೊದಿಕೆಯ ಮೇಲೆ ಅವಳ ಅಪ್ಪ, ಚೇರ್ಮನ್ ಜಬ್ಲೋನ್, ಕೌಂಟಿ ಕೌನ್ಸಿಲ್ ಅಧ್ಯಕ್ಷರ ಹಿತ್ತಾಳೆಯ ಸರ ಹಾಕಿಕೊಂಡು ನಗುತ್ತಿದ್ದರು.

ಮೇಷ್ಟ್ರು ಪುಟ ತಿರುವಿದರು. ಮಧ್ಯದಲ್ಲಿ ದಪ್ಪಕ್ಷರದಲ್ಲಿತ್ತು: 'ಸಾಲು ಮತದ ವರ್ಷ ನಮ್ಮ ಜನ ಇವರನ್ನು ಎಂಬತ್ತೆಂಟರ ಎದುರು ಇನ್ನೂರ ಮೂವತ್ತೊಂದು ಮತಗಳಿಂದ ಆರಿಸಿದರು.'

"ಅದನ್ನ ಸ್ವಲ್ಪ ನಿಧಾನಕ್ಕೆ ಓದಿ," ಎಂದಳು ಅಪೋಂಡಿ. ಮೂರು ದಿನ ಅತ್ತು ಅವಳ ಗಂಟಲು ಕಟ್ಟಿತ್ತು. "ಅಪ್ಪಂಗೆ ಆ ಲೆಕ್ಕ ಬಾಯಿಪಾಠ ಇತ್ತು. ಎಣಿಸಿದ್ದು ನೀವೇ ಅಲ್ವಾ?"

"ನಾನೇ," ಎಂದರು ಮೇಷ್ಟ್ರು.

ಶಾಮಿಯಾನದಡಿ ಮುಂದಿನ ಸಾಲಿನಲ್ಲಿ ಚೇರ್ಮನ್ನರ ಹೆಂಡತಿ ಪೆರೆಸ್ ಕೂತಿದ್ದಳು. ಆಕೆಯಿಂದ ಐದು ಕುರ್ಚಿ ಆಚೆ, ಕೋಲಿನ ಮೇಲೆ ಗದ್ದ ಊರಿಕೊಂಡು ಅಡೇರಾ. ಎಂಬತ್ತೊಂದು ವರ್ಷ. ಆ ಎಂಬತ್ತೆಂಟು ಮತ ಬಿದ್ದಿದ್ದು ಈತನಿಗೆ ಎಂದು ಕಾಗದ ಹೇಳುತ್ತಿತ್ತು. ಮನೆಯ ಬಲಗಡೆ, ಕಳ್ಳಿ ಬೇಲಿಯ ಈಚೆ, ಗುಂಡಿ ತೋಡಿ ಮುಗಿದಿತ್ತು. ಶವಪೆಟ್ಟಿಗೆ ಮೇಜಿನ ಮೇಲಿತ್ತು. ದರ್ಶನ ಮುಗಿದು, ಮುಖದ ಮೇಲಿನ ಗಾಜಿನ ಕಿಂಡಿಗೆ ಪುಟ್ಟ ಮುಚ್ಚಳ ಹಾಕಿದ್ದರು. ದರ್ಶನಕ್ಕೆ ಬಂದವರು ಆರುನೂರ ಹನ್ನೆರಡು ಮಂದಿ. ಮೇಷ್ಟ್ರು ಎಣಿಸಿದ್ದರು. ಎಣಿಸಬೇಕೆಂದು ಎಣಿಸಿದ್ದಲ್ಲ, ಆಸ್ಪತ್ರೆಯಲ್ಲಿ, ನೀರಿನ ನಲ್ಲಿಯ ಮುಂದೆ, ಇಗರ್ಜಿಯಲ್ಲಿ, ಎಲ್ಲಿ ಜನ ಒಬ್ಬರ ಹಿಂದೊಬ್ಬರು ನಿಂತರೂ ಅವರ ತುಟಿ ತಾನಾಗಿ ಅಲುಗುತ್ತಿತ್ತು. ಎಷ್ಟೋ ಸಲ ಆ ನಿಂತವರ ನಡುವೆ ತೀರಿಹೋದವರೂ ಇರುತ್ತಿದ್ದರು. ಅವರನ್ನೂ ಸೇರಿಸಿಯೇ ಎಣಿಕೆ ಸರಿಹೋಗುತ್ತಿತ್ತು.

"ಮಾತಾಡೋರು ಎರಡೇ ನಿಮಿಷ!" ಮೈಕು ಹಿಡಿದಿದ್ದ ಒಗಾಡಾ ಗದರಿದ. "ಮೂರನೇ ನಿಮಿಷಕ್ಕೆ ಜನರೇಟರ್ ಆಫ್. ಚೇರ್ಮನ್ನರು ಬದುಕಿದ್ದಾಗ ಅವರ ಭಾಷಣಾನೂ ನಾನೇ ನಿಲ್ಲಿಸ್ತಿದ್ದೆ, ನಿಮ್ಮದೇನು ಮಹಾ?"

ಜನ ನಕ್ಕರು. ಪೆರೆಸ್ ಕೂಡ ಸೆರಗಿನಡಿ ನಕ್ಕಳು.

*

ಸಾಲು ಮತದ ಆ ದಿನ ಮತಪೆಟ್ಟಿಗೆ ಇರಲಿಲ್ಲ, ಚೀಟಿಯೂ ಇರಲಿಲ್ಲ. ಯಾರು ಬೇಕೋ ಅವರ ಬೆನ್ನ ಹಿಂದೆ ಹೋಗಿ ನಿಲ್ಲುವುದೇ ಮತ. ಶಾಲೆಯ ಈ ಬದಿಗೆ ಜಬ್ಲೋನ್, ಆ ಬದಿಗೆ ಅಡೇರಾ, ನಡುವೆ ಕಟ್ಟಡ. ಹಿಂದೆ ಯಾರು ನಿಂತರು, ಯಾರು ನಿಲ್ಲಲಿಲ್ಲ ಎಂದು ನೋಡಿಟ್ಟುಕೊಂಡು ಆಮೇಲೆ ಸೇಡು ತೀರಿಸಬಾರದೆಂದು, ಇಬ್ಬರೂ ಹಿಂತಿರುಗಿ ನೋಡಬಾರದೆಂದು ನಿಯಮ ಮಾಡಿದ್ದರು. ಇಬ್ಬರೂ ಬಿಸಿಲಿಗೆ ಮುಖ ಕೊಟ್ಟು ಸರೋವರದ ಕಡೆ ನೋಡುತ್ತ ನಿಂತಿದ್ದರು.

ಯಾಫೆತ್‌ಗೆ ಆಗ ಇಪ್ಪತ್ತಾರು. ಕೆಲಸ ಸಿಕ್ಕಿ ಏಳು ತಿಂಗಳು. ಪೇಟೆಯಿಂದ ಬಂದಿದ್ದ ಅಧಿಕಾರಿ ಅವನ ಹೆಗಲು ತಟ್ಟಿ, "ಎಣಿಕೆ ಚೆನ್ನಾಗಿ ಬರ್ಲಿ ಮೇಷ್ಟ್ರೇ. ಜಬ್ಲೋನ್ ನಮಗೆ ಬೇಕಾದ ಮನುಷ್ಯ," ಎಂದ. ಅಷ್ಟೇ.

ಯಾಫೆತ್ ಒಬ್ಬೊಬ್ಬರ ಹೆಗಲು ಮುಟ್ಟುತ್ತ ಎಣಿಸಿದ. ಜಬ್ಲೋನನ ಹಿಂದೆ ಎಂಬತ್ತೆಂಟು. ಅಡೇರಾನ ಸಾಲು ಮೈದಾನ ದಾಟಿ, ಶಾಲೆಯ ಹಿಂದಕ್ಕೆ ತಿರುಗಿ, ಅಡುಗೆಮನೆಯ ಹೊಗೆಯಲ್ಲಿ ಮರೆಯಾಗಿ, ಮತ್ತೆ ಕಾಣಿಸಿಕೊಂಡು ಬಾವಿಯವರೆಗೆ ಹೋಗಿತ್ತು. ಇನ್ನೂರ ಮೂವತ್ತೊಂದು. ಅರ್ಧಕ್ಕಿಂತ ಹೆಚ್ಚು ಅವನ ತರಗತಿಯ ಮಕ್ಕಳ ಅಪ್ಪ ಅಮ್ಮಂದಿರು. "ನನ್ ಮಗ ಗುಣಾಕಾರ ಕಲೀತಿದಾನಾ ಮೇಷ್ಟ್ರೇ?" ಎಂದು ಒಬ್ಬಳು ಕೇಳಿದ್ದಳು. "ಮೊದ್ಲು ನಿಮ್ಮನ್ನ ಕೂಡಿಸಿ ಮುಗಿಸ್ತೀನಿ," ಎಂದಿದ್ದ. ಸುತ್ತ ನಿಂತವರೆಲ್ಲ ನಕ್ಕಿದ್ದರು.

ಪೀಪಿ ಊದಿದರು, ಜನ ಚೆದುರಿದರು. ಚೆದುರಿದ ಸಾಲನ್ನು ಮತ್ತೆ ಎಣಿಸುವ ದಾರಿಯಿಲ್ಲ. ಯಾಫೆತ್ ಒಬ್ಬನೇ ಒಂದನೇ ತರಗತಿಯ ಕೋಣೆಯಲ್ಲಿ ಕೂತು, ಹೆಗಲ ಮೇಲಿದ್ದ ಆ ಕೈಯನ್ನು ನೆನೆಸಿಕೊಂಡು, ಎರಡು ಸಂಖ್ಯೆಗಳನ್ನು ಅದಲುಬದಲು ಮಾಡಿ ಬರೆದ.

ಅಧಿಕಾರಿ ಕಾಗದ ನೋಡಿದ. ಹುಬ್ಬು ಮೇಲೇರಿತು. ಖಾಲಿ ಮೈದಾನವನ್ನೊಮ್ಮೆ ನೋಡಿದ. "ನಾನು ಹೇಳಿದ್ದು..." ಎಂದು ಶುರುಮಾಡಿ, ನಿಲ್ಲಿಸಿ, ಸಹಿ ಹಾಕಿದ. ಅವನ ಮುಖದಲ್ಲಿ ಕಂಡದ್ದು ಸಂತೋಷವಲ್ಲ, ಬೆರಗು. ಅಧಿಕಾರಿ ಕೇಳದೆ ಇದ್ದುದನ್ನು ತಾನು ಕೊಟ್ಟೆನೆಂದು ಯಾಫೆತ್‌ಗೆ ಆ ಕ್ಷಣವೇ ತಿಳಿಯಿತು.

ಊರು ಅಧಿಕಾರಿಯನ್ನು ಬೈಯಿತು. ಮೇಷ್ಟ್ರನ್ನು ಯಾರೂ ಬೈಯಲಿಲ್ಲ.

*

"ಮೇಷ್ಟ್ರೇ, ಇನ್ನು ನೀವೇ," ಒಗಾಡಾ ಕರೆದ. "ಕನ್ನಡಕ ಇದೆಯಾ? ಹೋದ ತಿಂಗಳು ಮದುವೇಲಿ ಮದುಮಗನ ಹೆಸರನ್ನೇ ತಪ್ಪು ಓದಿದ್ರಿ."

ಮೇಷ್ಟ್ರು ಪೆಟ್ಟಿಗೆಯ ಪಕ್ಕಕ್ಕೆ ಬಂದು ನಿಂತರು. ಓದಿದರು. ಹುಟ್ಟಿದ್ದು, ಮಿಷನ್ ಶಾಲೆ, ಮೀನಿನ ದೋಣಿ, ಮದುವೆ. ಅಧ್ಯಕ್ಷರಾಗಿ ಕಟ್ಟಿಸಿದ ನೀರಿನ ತೊಟ್ಟಿ, ಮೀನು ತೂಗುವ ಚಪ್ಪರ, ಹಳ್ಳದ ಮೇಲಿನ ಸೇತುವೆ. ಎಲ್ಲವೂ ನಿಜ. ಆ ಚಪ್ಪರದಲ್ಲೇ ಹೆಂಗಸರು ಇವತ್ತಿಗೂ ಮೀನು ಮಾರುತ್ತಿದ್ದರು.

ದಪ್ಪಕ್ಷರದ ವಾಕ್ಯಕ್ಕೆ ಬಂದು ಓದು ನಿಲ್ಲಿಸಿದರು.

"ನೀರು ಕೊಡ್ರೋ ಮೇಷ್ಟ್ರಿಗೆ," ಯಾರೋ ಎಂದರು.

*

ಮುಂದಿನ ಚುನಾವಣೆಗೆ ಗುಟ್ಟಿನ ಮತ ಬಂತು. ಚೇರ್ಮನ್ನರು ಸೋತರು, ಹೀನಾಯವಾಗಿ. ಅಡೇರಾ ಮತ್ತೆಂದೂ ನಿಲ್ಲಲಿಲ್ಲ. ದೋಣಿ ಮಾರಿ ಹಿಟ್ಟಿನ ಗಿರಣಿ ಇಟ್ಟ. ಸೋತ ವಾರ ಚೇರ್ಮನ್ನರು ಮೇಷ್ಟ್ರ ಮನೆ ಬಾಗಿಲಿಗೆ ಬಂದು ನಿಂತರು. ಒಳಗೆ ಬರಲಿಲ್ಲ.

"ನಿಜ ಹೇಳು ಯಾಫೆತ್. ನನ್ನ ಹಿಂದೆ ಅವತ್ತು ಅಷ್ಟು ಜನ ಇದ್ರಾ?"

ಸುಳ್ಳನ್ನು ನಿಜ ಮಾಡಿ ಮುಗಿಸಲು ಇದ್ದದ್ದು ಒಂದೇ ಮಾತು. "ಇದ್ರು ಚೇರ್ಮನ್. ಶಾಲೆಯ ಹಿಂದಕ್ಕೆ ತಿರುಗಿತ್ತು ಸಾಲು."

"ಹಾಗಾದ್ರೆ ನಾನೇನು ತಪ್ಪು ಮಾಡ್ದೆ? ನಾಲ್ಕು ವರ್ಷದಲ್ಲಿ ಅಷ್ಟೂ ಜನ ಎಲ್ಲಿಗೆ ಹೋದ್ರು?"

ಮೂವತ್ತೆರಡು ವರ್ಷ ಆ ಮನುಷ್ಯ ತನ್ನ ತಪ್ಪನ್ನು ಹುಡುಕಿದರು. ಸೇತುವೆ ಕೆಳದಂಡೆಗೆ ಕಟ್ಟಿಸಿದ್ದು ತಪ್ಪಾಯಿತೇ? ಯಾರದೋ ತಾಯಿಯ ಸಾವಿಗೆ ಹೋಗದೆ ಇದ್ದುದಕ್ಕೆ ಮುನಿಸೇ? ಮನೆಮನೆಗೆ ಹೋಗಿ ಕೇಳುತ್ತಿದ್ದರು, "ನನ್ ಮೇಲೆ ಏನಾದ್ರೂ ಬೇಜಾರಾ?" ಜನ ಚಹಾ ಕೊಟ್ಟು, "ಅಯ್ಯೋ, ಏನಿಲ್ಲ ಚೇರ್ಮನ್," ಎನ್ನುತ್ತಿದ್ದರು. ನಿಮ್ಮ ಹಿಂದೆ ನಾವು ನಿಂತೇ ಇರಲಿಲ್ಲ ಎಂದು ಮುಖದ ಮೇಲೆ ಹೇಳುವವರು ಯಾರು?

ಎರಡು ವಾರದ ಹಿಂದೆ ಆಸ್ಪತ್ರೆಯಲ್ಲಿ ಅವರ ಮಾತು ನಿಂತಿತ್ತು. ಮೇಷ್ಟ್ರನ್ನು ಕಂಡು ಚೇರ್ಮನ್ನರು, ಬೆನ್ನ ಹಿಂದೆ ಯಾರು ನಿಂತಿದ್ದಾರೆಂದು ನೋಡುವವರಂತೆ, ದಿಂಬಿನ ಮೇಲೆ ತಲೆಯನ್ನು ಕಷ್ಟಪಟ್ಟು ಹಿಂದಕ್ಕೆ ತಿರುಗಿಸಿದರು. ಅಲ್ಲಿ ಬಿಳಿ ಗೋಡೆಯಿತ್ತು. ದಾದಿ ಬಂದು, ಕುತ್ತಿಗೆ ಉಳುಕೀತೆಂದು ತಲೆಯನ್ನು ನೇರ ಮಾಡಿದಳು. ಆಕೆ ಹೋದ ಮೇಲೆ ಮತ್ತೆ ತಿರುಗಿಸಿದರು.

*

ಮೇಷ್ಟ್ರು ನೀರು ಕುಡಿಯಲಿಲ್ಲ. ಪುಸ್ತಿಕೆ ಮಡಚಿದರು.

"ಇಲ್ಲಿ ಬರೆದಿರೋದು ತಪ್ಪು," ಎಂದರು. "ಎಂಬತ್ತೆಂಟು ಜನ ನಿಂತಿದ್ದು ಚೇರ್ಮನ್ನರ ಹಿಂದೆ. ಇನ್ನೂರ ಮೂವತ್ತೊಂದು ಅಡೇರಾ ಹಿಂದೆ. ತಿರುಗಿಸಿ ಬರೆದೋನು ನಾನು. ಅಧಿಕಾರಿ ಹೇಳಿರ್ಲಿಲ್ಲ. ಚೇರ್ಮನ್ನರಿಗೂ ಗೊತ್ತಿರ್ಲಿಲ್ಲ. ಕೇಳಿದಾಗ್ಲೂ ಸುಳ್ಳು ಹೇಳ್ದೆ."



"ಸಾಲು ಯಾವ್ದು ಉದ್ದ ಅಂತ ನಮಗೇನು ಗೊತ್ತಿರ್ಲಿಲ್ವಾ?" ಹಿಂದಿನಿಂದ ಒಂದು ಮುದಿ ದನಿ. "ನಾವೇ ಅಲ್ವಾ ನಿಂತಿದ್ದು! ಆದ್ರೆ ನೀನು ಅಂತ..."

"ಮೈಕು ಕಿತ್ಕೊಳ್ಳಿ!" ಅಪೋಂಡಿ ಎದ್ದು ಬಂದಳು. "ಇವತ್ತೇ ಬೇಕಿತ್ತಾ ನಿಮಗೆ? ಅಪ್ಪನ್ನ ಮಣ್ಣಿಗಿಡೋ ಹೊತ್ತಲ್ಲಿ? ಅವರು ಉಸಿರಾಡ್ತಿದ್ದಾಗ ಬಾಯಿ ಬಿದ್ದೋಗಿತ್ತಾ?"

"ಹೌದಮ್ಮ," ಎಂದರು ಮೇಷ್ಟ್ರು.

ಒಗಾಡಾ ಮೈಕಿಗೆ ಕೈಚಾಚಿದ. ಅಷ್ಟರಲ್ಲಿ ಅಡೇರಾ ಕೋಲೂರಿ ಎದ್ದ. ಹೊಡೆಯಲು ಬರುತ್ತಿದ್ದಾನೆಂದು ಇಬ್ಬರು ಮಧ್ಯೆ ಬಂದರು. ಆತ ಅವರನ್ನು ಪಕ್ಕಕ್ಕೆ ಸರಿಸಿದ.

"ಅಧ್ಯಕ್ಷಗಿರಿ ತಗೊಂಡು ನಾನೀಗ ಏನ್ ಮಾಡ್ಲಿ," ಎಂದ. "ನಾನೂ ಹಿಂದೆ ನೋಡಿಲ್ಲ, ಮೇಷ್ಟ್ರೇ. ಸೋತ ಮೇಲೆ, ನನ್ ಸಾಲೇ ಉದ್ದ ಇತ್ತು ಅಂತ ಎಲ್ರೂ ಅಂದ್ರು. ಮಾತಿಗೆ ಅಂತಾರೆ ಅಂದ್ಕೊಂಡೆ. ಗಿರಣಿಗೆ ಬಂದೋರ ಮುಖ ನೋಡಿ ನೋಡಿ, ಇವ್ನು ಇದ್ನಾ, ಇವ್ಳು ಇದ್ಲಾ ಅಂತ... ಯಾರ್ಯಾರು ಇದ್ರು? ಹೆಸ್ರು ಹೇಳು."

"ಅಷ್ಟೂ ಜನರದ್ದಾ?"

"ನೀನು ಮುಟ್ಟಿ ಎಣಿಸಿದ್ದಲ್ವಾ?"

ಮೇಷ್ಟ್ರು ಕಣ್ಣು ಮುಚ್ಚಿದರು. ಹುಡುಕಬೇಕಾಗಿಯೇ ಇರಲಿಲ್ಲ, ಅವರೆಲ್ಲ ಮೊದಲಿನಿಂದಲೂ ಅಲ್ಲೇ ನಿಂತಿದ್ದರು.

"ಮೊದಲನೇದು ಬಡಗಿ ನೆಹೆಮಿಯಾ."

"ಹೋದ," ಎಂದರು ಯಾರೋ. "ಮಲೇರಿಯಾ ವರ್ಷ."

"ಮಡಕೆ ಮಾಡ್ತಿದ್ದ ರೋಸ್ಲಿದಾ."

"ಹೋದ್ಲು."

"ಅವಳ ತಂಗಿ ಸೆಲ್ಫಾ."

"ಇದ್ದೀನಿ! ಇಲ್ಲಿದ್ದೀನಿ ಕಣಯ್ಯ!" ಅಡುಗೆಯ ಹೊಗೆಯ ಕಡೆಯಿಂದ ಮುದುಕಿಯೊಬ್ಬಳು ಸೌಟೆತ್ತಿದಳು. ಅಡೇರಾ ಆಕೆಯನ್ನು ಮೊದಲ ಸಲ ನೋಡುವವನಂತೆ ನೋಡಿದ.

"ದೋಣಿಯ ಒಪಿಯೊ. ಅವನ ಅಣ್ಣ. ಅವರಮ್ಮ."

"ಹೋದ. ಹೋದ. ಹೋದ್ಲು."

ಪಾದ್ರಿ ಗಡಿಯಾರ ನೋಡಿದರು. ಗುಂಡಿಗಿಳಿಸಲು ಹಗ್ಗ ಹಿಡಿಯಬೇಕಾದವರು ಪೆಟ್ಟಿಗೆಯ ಹತ್ತಿರ ಬಂದು ನಿಂತರು. "ಅಮ್ಮಾವ್ರೇ, ಹೊತ್ತಾಯ್ತು," ಎಂದು ಒಗಾಡಾ ಪೆರೆಸಳ ಕಿವಿಯಲ್ಲಿ ಹೇಳಿದ. "ನಿಲ್ಲಿಸ್ಲಾ?"

"ಅಮ್ಮಾ, ನಿಲ್ಸೋಕೆ ಹೇಳು!" ಅಪೋಂಡಿ ತಾಯಿಯ ತೋಳು ಹಿಡಿದಳು.

ಪೆರೆಸ್ ಮಗಳ ಕೈ ಬಿಡಿಸಿಕೊಂಡು ಎದ್ದಳು. ಮೇಷ್ಟ್ರ ಮುಖ ನೋಡದೆ ಅವರನ್ನು ದಾಟಿ ಪೆಟ್ಟಿಗೆಯ ಬಳಿ ಹೋದಳು. "ಇನ್ನೂ ಎಷ್ಟು ಜನ?" ಎಂದು ಕೇಳಿದಳು.

"ಇನ್ನೂರ ಇಪ್ಪತ್ತೈದು, ಅಮ್ಮಾವ್ರೇ."

"ಹೇಳಿ ಮುಗಿಸು. ಅಷ್ಟೂ ಜನ ಎಲ್ಲಿದ್ರು ಅಂತ ಇವ್ರೂ ಕೇಳ್ಲಿ."

ಗಾಜಿನ ಮೇಲಿನ ಪುಟ್ಟ ಮುಚ್ಚಳಕ್ಕೆ ಆಗಲೇ ಎರಡು ತಿರುಪು ಬಿಗಿದಿದ್ದರು. ಆಕೆ ಉಗುರಿನಿಂದಲೇ ಒಂದೊಂದಾಗಿ ಬಿಚ್ಚಿದಳು. ಮುಚ್ಚಳ ಎತ್ತಿ, ಗಾಜಿನ ಮೇಲಿದ್ದ ಧೂಳನ್ನು ಅಂಗೈಯಲ್ಲಿ ಒರೆಸಿ, ಕುರ್ಚಿಯೊಂದನ್ನು ಎಳೆದುಕೊಂಡು ಗಂಡನ ತಲೆಯ ಪಕ್ಕ ಕೂತಳು. ಬಿಸಿಲು ಗಾಜಿಗೆ ಬೀಳದಂತೆ ಪುಸ್ತಿಕೆಯನ್ನು ಅಡ್ಡ ಹಿಡಿದಳು.

"ಏಳನೇದು," ಎಂದರು ಮೇಷ್ಟ್ರು.