ಕ್ಯಾಮರಾದವರಿಗೆ ಇಟ್ಟ ನೀರು

ಶಾಂಭವಿ ಮೇಡಂ ಸಾಕ್ಷ್ಯಚಿತ್ರ ಮಾಡುವವರು. ಮೊದಲನೆಯದು ಅಡಿಕೆ ಧಾರಣೆಯ ಬಗ್ಗೆ. ಕ್ಯಾಮರಾ ಕಂಡ ದಿನ ವ್ಯಾಪಾರಿಗಳೆಲ್ಲ ಧರ್ಮರಾಯರಾದರು. ಎರಡನೆಯದು ಪಂಚಾಯ್ತಿ ಚುನಾವಣೆ. ಜಗಳವಾಡಬೇಕಾದವರು ಹೆಗಲ ಮೇಲೆ ಕೈ ಹಾಕಿಕೊಂಡು ನಿಂತರು. ಎರಡೂ ಚಿತ್ರ ಮೂಲೆ ಸೇರಿದವು.

ಮೂರನೆಯದು ಚಿಕೂನ್‌ಗುನ್ಯಾ. ಆ ವರ್ಷ ನಮ್ಮ ಸೀತೂರಿನಲ್ಲಿ ನೆಟ್ಟಗೆ ನಡೆಯುವವರೇ ಕಡಿಮೆ. ಅಪ್ಪಯ್ಯ ಗೋಡೆ ಹಿಡಿದೇ ಬಚ್ಚಲಿಗೆ ಹೋಗುತ್ತಿದ್ದರು. ನಿಂತ ನೀರಿನಲ್ಲಿ ಸೊಳ್ಳೆಮರಿ ತೋರಿಸದಿದ್ದರೆ ಇದೂ ಕೆಟ್ಟಿತು, ಮುಂದೆ ತನಗೆ ಯಾರೂ ಕೆಲಸ ಕೊಡುವುದಿಲ್ಲ ಎಂದು, ನಮ್ಮ ಹಿತ್ತಲಲ್ಲಿ ಚಿತ್ರ ತೆಗೆಯಲು ಬರುವ ಮೊದಲು ಮೇಡಂ ಅಮ್ಮನಿಗೆ ಫೋನಿನಲ್ಲಿ ಹೇಳಿದ್ದರು.

ಅಮ್ಮನಿಗೆ ಕೇಳಿಸಿದ್ದು ಕ್ಯಾಮರಾ ಬರುತ್ತದೆ ಎಂಬುದಷ್ಟೇ. ತೆಂಗಿನ ಚಿಪ್ಪು, ಒಡೆದ ಬಕೆಟ್, ಹಳೆ ಟಯರ್ ಎಲ್ಲವನ್ನೂ ನನ್ನಿಂದ ಹೊರಿಸಿ ಗುಂಡಿಗೆ ಹಾಕಿಸಿದಳು. ಕ್ಯಾಮರಾ ಕೆಟ್ಟದ್ದರಿಂದ ಮೇಡಂ ಬಂದದ್ದು ಹೇಳಿದ ದಿನ ಕಳೆದು ವಾರದ ಮೇಲೆ.

"ಎಂತದೂ ಇಲ್ವಲ್ಲ ಸುಲೋಚನಮ್ಮ!" ಹಿತ್ತಲು ಸುತ್ತಿ ಬಂದ ಮೇಡಂ ಅಳುವುದೊಂದು ಬಾಕಿ.

"ಇರೂದೆಂತಕ್ಕೆ? ನಮ್ಮನೆ ಹುಳ ಊರೆಲ್ಲ ನೋಡ್ಬೇಕಾ? ಮದುವೆಗೆ ಬಂದ ಮಗಳಿದಾಳೆ ಮಾರಾಯ್ತಿ!" ಅಮ್ಮ ನನ್ನತ್ತ ಕೈ ಮಾಡಿದಳು.

"ನನ್ನ ಮೊಣಕಾಲು ಬೇಕಾದ್ರೆ ತೆಗೀರಿ," ಜಗುಲಿಯಿಂದ ಅಪ್ಪಯ್ಯ ಪಂಚೆ ಎತ್ತಿದರು. "ಅದೊಂದನ್ನ ಇವಳು ತಿಕ್ಕಿಲ್ಲ."

"ಸುಮ್ನಿರಿ ನೀವು. ಮೇಡಂ, ಕಾಲು ತೊಳ್ಕೊಂಡು ಒಳಗೆ ಬನ್ನಿ. ಬೆಲ್ಲ ನೀರು ಕುಡ್ದು ಮಾತಾಡೂದು."

ಮೆಟ್ಟಿಲ ಪಕ್ಕ ಹಿತ್ತಾಳೆ ಕೊಳಗವಿತ್ತು. ಹುಣಸೆಹಣ್ಣು ಹಾಕಿ ತಿಕ್ಕಿ, ಬರುವವರ ಕಾಲಿಗೆಂದು ನೀರು ತುಂಬಿಸಿಟ್ಟದ್ದು ಮೇಡಂ ಮೊದಲು ಬರುತ್ತೇನೆಂದ ದಿನ. ನಾಳೆ ಬರುತ್ತಾರೆ, ನಾಡಿದ್ದು ಬರುತ್ತಾರೆ ಎಂದು ಅಮ್ಮ ಅದನ್ನು ಯಾರಿಗೂ ಮುಟ್ಟಗೊಟ್ಟಿರಲಿಲ್ಲ. ಮೇಡಂ ಚೊಂಬು ಅದ್ದುವ ಮೊದಲೇ ನಾನು ನೋಡಿದೆ. ಹೊರಗಿನವರೆದುರು ನನಗೆ ಬಾಯಿ ಬರುವುದೇ ಇಲ್ಲ. ಮೇಡಂ ತೋಳು ಹಿಡಿದೆಳೆದೆ.

ಅವರು ಬಗ್ಗಿದರು. "ಅಯ್ಯೋ, ಸೊಳ್ಳೆಮರಿ! ಎಷ್ಟು ಚೆಂದ ಕುಣೀತಿದಾವೆ!"

ಅಮ್ಮ ಓಡಿ ಬಂದು ಅಡ್ಡ ನಿಂತಳು. "ತೆಗೀಬೇಡಿ. ಈಗಲೇ ಚೆಲ್ತೀನಿ."

ಮೇಡಂ ಕೈ ಮುಗಿದರು. "ಇದೂ ಹೋದ್ರೆ ನಾನು ಮನೇಲಿ ಕೂರಬೇಕಷ್ಟೆ."

ಅಮ್ಮ ಕೊಳಗದ ಅಂಚು ಹಿಡಿದೇ ಯೋಚಿಸಿದಳು.

"ಈ ನೀರು ಯಾರಿಗೆ ಇಟ್ಟದ್ದು?"

"ನನಗೆ."

"ತಡ ಮಾಡಿದ್ದು ಯಾರು?"

"ನಾನೇ."

"ಹಂಗಾದ್ರೆ ಹುಳ ಯಾರದ್ದು?"

ಮೇಡಂ ತಲೆ ತಗ್ಗಿಸಿದರು. "ನನ್ನದೇ."

"ಅಷ್ಟನ್ನು ಕ್ಯಾಮರಾ ಎದುರು ಹೇಳಿ. ಆಮೇಲೆ ಎಷ್ಟು ಬೇಕಾದ್ರೂ ತೆಗೀರಿ."

ತಾವೇ ಎದುರು ಕೂರಬೇಕಾದ್ದರಿಂದ ಮೇಡಂ ಕ್ಯಾಮರಾವನ್ನು ನನ್ನ ಕೈಗೆ ಕೊಟ್ಟರು. ಅದರ ಹಿಂದೆ ನಿಂತರೆ ಮಾತಾಡಬೇಕಿಲ್ಲ, ನೋಡಿದರೆ ಸಾಕು ಎಂದು ನನಗೆ ಗೊತ್ತಾದದ್ದು ಆಗ. ಮೂರನೆಯ ಚಿತ್ರ ಮೂಲೆ ಸೇರಲಿಲ್ಲ; ಕೊಪ್ಪದಲ್ಲಿ, ಶೃಂಗೇರಿಯಲ್ಲಿ ತೋರಿಸಿದರು. ಅದರಲ್ಲಿ ಮೇಡಂ ಕುಕ್ಕರುಗಾಲಲ್ಲಿ ಕೂತು, ಈ ಸೊಳ್ಳೆಗಳಿಗೆಲ್ಲ ತಾನೇ ಕಾರಣ ಎನ್ನುತ್ತಾರೆ. ಹಿಂದೆ ರೇಷ್ಮೆ ಸೀರೆಯುಟ್ಟು ನಿಂತ ಅಮ್ಮ, ಹೌದೆಂದು ತಲೆಯಾಡಿಸುತ್ತಾಳೆ.